ಮೃತ ನೌಕರರ ಕುಟುಂಬ ಪಿಂಚಣಿ ಮತ್ತು ಸೇವಾ ಸೌಲಭ್ಯಗಳ ವಿವಾದ: ಪದೇ ಪದೇ ಕೇಳುವ ಪ್ರಶ್ನೆಗಳು

ನೌಕರರೊಬ್ಬರು ತೀರಿಕೊಂಡ ಮೇಲೆ ಅವರ ಕಚೇರಿಯಿಂದ ಬರಬೇಕಾದ ಹಣಕ್ಕೆ ಒಬ್ಬರಿಗಿಂತ ಹೆಚ್ಚು ಮಂದಿ ಅರ್ಜಿ ಹಾಕಿದರೆ, ಇಲಾಖೆಯು ಸಾಮಾನ್ಯವಾಗಿ "ಸಕ್ಷಮ ನ್ಯಾಯಾಲಯದಿಂದ ಆದೇಶ ತರತಕ್ಕದ್ದು" ಎಂಬ ಒಂದು ಸಾಲಿನ ಹಿಂಬರಹ ಕೊಟ್ಟು ಕಡತವನ್ನು ಬದಿಗಿಡುತ್ತದೆ. ಯಾವ ನ್ಯಾಯಾಲಯ, ಯಾವ ಬಗೆಯ ಆದೇಶ ಎಂಬುದನ್ನು ಆ ಹಿಂಬರಹ ತಿಳಿಸುವುದಿಲ್ಲ. ಕುಟುಂಬಗಳು ವರ್ಷಗಟ್ಟಲೆ ಕಾಲ ಕಳೆದುಕೊಳ್ಳುವುದು ಹೆಚ್ಚಾಗಿ ಇಲ್ಲಿಯೇ. ಕೆಳಗಿನ ಉತ್ತರಗಳು ಮುಖ್ಯವಾಗಿ ಕರ್ನಾಟಕದ ಓದುಗರನ್ನು ಗಮನದಲ್ಲಿಟ್ಟುಕೊಂಡು ಬರೆದವು. ಕೇಂದ್ರ ಸರ್ಕಾರಿ ಮತ್ತು ಖಾಸಗಿ ನೌಕರರ ವಿಷಯ ಬಂದಲ್ಲಿ ಅದನ್ನು ಪ್ರತ್ಯೇಕವಾಗಿ ಹೇಳಲಾಗಿದೆ.

ನೌಕರರು ತೀರಿಕೊಂಡ ಮೇಲೆ ಬರುವ ಹಣವೆಲ್ಲ ಒಂದೇ ಬಗೆಯದೇ?

ಅಲ್ಲ. ಈ ವಿವಾದಗಳಲ್ಲಿ ಮೊದಲು ಬಿಡಿಸಬೇಕಾದ ಗಂಟು ಇದೇ. ಕುಟುಂಬ ಪಿಂಚಣಿ, ಮರಣ ಉಪದಾನ ಅಂದರೆ ಗ್ರಾಚ್ಯುಟಿ, ಭವಿಷ್ಯ ನಿಧಿ, ಗಳಿಕೆ ರಜೆಯ ನಗದೀಕರಣ, ಗುಂಪು ವಿಮೆ, ಕೆಜಿಐಡಿ (ಕರ್ನಾಟಕ ಸರ್ಕಾರಿ ವಿಮಾ ಇಲಾಖೆ) ಪಾಲಿಸಿಯ ಮೊತ್ತ, ಬಾಕಿ ಸಂಬಳ ಇವೆಲ್ಲವನ್ನೂ "ಸಾಹೇಬರ ದುಡ್ಡು" ಎಂದು ಒಟ್ಟಾಗಿ ಕರೆಯುವುದು ರೂಢಿಯಾದರೂ, ಕಾನೂನಿನ ದೃಷ್ಟಿಯಲ್ಲಿ ಒಂದೊಂದಕ್ಕೂ ಅದರದೇ ನಿಯಮವಿದೆ, ಅದರದೇ ಫಲಾನುಭವಿಗಳ ಪಟ್ಟಿಯಿದೆ.

ಕುಟುಂಬ ಪಿಂಚಣಿಯು ಮೃತರ ಆಸ್ತಿಯೇ ಅಲ್ಲ. ಅದು ನೌಕರರ ಮರಣದ ನಂತರ ಹುಟ್ಟುವ ಹಕ್ಕು, ಮತ್ತು ಸೇವಾ ನಿಯಮಗಳು ಹೆಸರಿಸುವ ಕುಟುಂಬ ಸದಸ್ಯರಿಗೆ ನೇರವಾಗಿ ಸೇರುವ ಹಕ್ಕು. ಆದ್ದರಿಂದಲೇ ಅದನ್ನು ಉಯಿಲು ಬರೆದು ಬೇರೊಬ್ಬರಿಗೆ ಕೊಡಲು ನೌಕರರಿಗೆ ಅಧಿಕಾರವಿಲ್ಲವೆಂದು ಸುಪ್ರೀಂ ಕೋರ್ಟ್ 1991ರಲ್ಲಿ ರೈಲ್ವೆ ನೌಕರರೊಬ್ಬರ ಪ್ರಕರಣದಲ್ಲಿ ತೀರ್ಮಾನಿಸಿತು. ರಾಜ್ಯ ಸರ್ಕಾರಿ ನೌಕರರ ಮಟ್ಟಿಗೆ 2002ರ ಕರ್ನಾಟಕ ಸರ್ಕಾರಿ ನೌಕರರ ಕುಟುಂಬ ಪಿಂಚಣಿ ನಿಯಮಗಳೂ, ಕೇಂದ್ರ ನೌಕರರ ಮಟ್ಟಿಗೆ 2021ರ ಪಿಂಚಣಿ ನಿಯಮಗಳೂ, ಖಾಸಗಿ ಸಂಸ್ಥೆಗಳಲ್ಲಿ ದುಡಿದವರ ಮಟ್ಟಿಗೆ 1995ರ ನೌಕರರ ಪಿಂಚಣಿ ಯೋಜನೆಯೂ ಇದನ್ನು ನಿರ್ಧರಿಸುತ್ತವೆ.

ಬಾಕಿ ಸಂಬಳ, ಬ್ಯಾಂಕಿನಲ್ಲಿರುವ ಹಣ ಮತ್ತು ಭವಿಷ್ಯ ನಿಧಿ ಇದಕ್ಕೆ ವ್ಯತಿರಿಕ್ತವಾಗಿ ಮೃತರು ಬದುಕಿರುವಾಗಲೇ ಗಳಿಸಿಟ್ಟದ್ದು. ಅದನ್ನು ಮೊದಲು ಯಾರು ಸ್ವೀಕರಿಸಿದರೂ ಕೊನೆಗೆ ಅದು ವಾರಸುದಾರರ ನಡುವೆ ಹಂಚಿಕೆಯಾಗಬೇಕಾದ ಹಣ. ಗ್ರಾಚ್ಯುಟಿ ಇವೆರಡರ ನಡುವೆ ನಿಲ್ಲುತ್ತದೆ: ಸರ್ಕಾರಿ ಸೇವೆಯಲ್ಲಿ ಸಿಂಧುವಾದ ನಾಮನಿರ್ದೇಶನ ಇಲ್ಲದಿದ್ದರೆ ಅದು ನಿಯಮಗಳು ಪಟ್ಟಿ ಮಾಡಿರುವ ಕುಟುಂಬ ಸದಸ್ಯರಿಗೆ ಸಮಪಾಲಾಗಿ ಹೋಗುತ್ತದೆ.

ಹಾಗಾದರೆ ಈ ಹಣವನ್ನು ಹಂಚಿಕೊಡುವುದು ಕುಟುಂಬ ನ್ಯಾಯಾಲಯವೇ?

ಸಾಮಾನ್ಯವಾಗಿ ಅಲ್ಲ. ಕುಟುಂಬ ನ್ಯಾಯಾಲಯ ತೀರ್ಮಾನಿಸುವುದು ಸಂಬಂಧವನ್ನು. 1984ರ ಕುಟುಂಬ ನ್ಯಾಯಾಲಯಗಳ ಕಾಯ್ದೆಯ ಕಲಂ 7ರ ಪ್ರಕಾರ ಒಂದು ಮದುವೆ ಸಿಂಧುವೇ, ಒಬ್ಬರ ವೈವಾಹಿಕ ಸ್ಥಾನಮಾನ ಏನು, ಒಂದು ಮಗು ಔರಸ (ಕಾನೂನುಬದ್ಧ) ಸಂತಾನವೇ ಎಂಬ ಘೋಷಣೆಗಳನ್ನು ಕೊಡುವ ಅಧಿಕಾರ ಅದಕ್ಕಿದೆ. ಕಲಂ 8ರ ಪ್ರಕಾರ, ಕುಟುಂಬ ನ್ಯಾಯಾಲಯವಿರುವ ಕಡೆ ಈ ವಿಷಯಗಳನ್ನು ಸಿವಿಲ್ ನ್ಯಾಯಾಲಯ ಕೈಗೆತ್ತಿಕೊಳ್ಳುವಂತಿಲ್ಲ. "ಆಕೆ ಅವರ ಹೆಂಡತಿಯಲ್ಲ" ಎಂಬ ನಕಾರಾತ್ಮಕ ಘೋಷಣೆಯನ್ನೂ ಕುಟುಂಬ ನ್ಯಾಯಾಲಯದಲ್ಲಿಯೇ ಕೇಳಬೇಕೆಂದು 2016ರಲ್ಲಿ ಸುಪ್ರೀಂ ಕೋರ್ಟ್ ಹೇಳಿದೆ.

ಆದರೆ ಅತ್ತೆ ಮತ್ತು ಸೊಸೆಯ ನಡುವೆ ಭವಿಷ್ಯ ನಿಧಿಯ ಪಾಲಿನ ಬಗ್ಗೆ ಮಾತ್ರ ತಕರಾರಿದ್ದು, ಸೊಸೆ ಮೃತರ ಹೆಂಡತಿ ಎಂಬುದನ್ನು ಎಲ್ಲರೂ ಒಪ್ಪಿದ್ದರೆ, ಅಲ್ಲಿ ಕುಟುಂಬ ನ್ಯಾಯಾಲಯಕ್ಕೆ ಹೆಚ್ಚಿನ ಕೆಲಸವಿಲ್ಲ. ಅದು ಮೃತರ ಹಣ ಪಡೆಯಲು ನ್ಯಾಯಾಲಯ ಕೊಡುವ ಉತ್ತರಾಧಿಕಾರ ಪ್ರಮಾಣ ಪತ್ರದ ಅರ್ಜಿಗೋ ಸಿವಿಲ್ ದಾವೆಗೋ ಸೇರಿದ ವಿಷಯ. ಆದಕಾರಣ ದಾವೆ ಹೂಡುವ ಮೊದಲು ತಕರಾರು ಸಂಬಂಧದ ಬಗ್ಗೆಯೋ ಪಾಲಿನ ಬಗ್ಗೆಯೋ ಎಂದು ಕೇಳಿಕೊಳ್ಳಬೇಕು. ಎರಡೂ ಇದ್ದರೆ ಸಂಬಂಧದ ಪ್ರಶ್ನೆ ಮೊದಲು ಇತ್ಯರ್ಥವಾಗುವುದು ಲೇಸು. ಏಕೆಂದರೆ ಅದು ಇತ್ಯರ್ಥವಾದ ಮೇಲೆ ಪಾಲಿನ ಲೆಕ್ಕ ಬಹುಮಟ್ಟಿಗೆ ತಾನಾಗಿಯೇ ಹೊರಬೀಳುತ್ತದೆ.

ನೌಕರರೇ ತೀರಿಕೊಂಡಿರುವಾಗ ಅವರ ಮದುವೆಯ ಬಗ್ಗೆ ಘೋಷಣೆ ಕೇಳಬಹುದೇ?

ಕೇಳಬಹುದು. ವಿಚ್ಛೇದನದ ಬೇಡಿಕೆ ವ್ಯಕ್ತಿಯೊಂದಿಗೇ ಮುಗಿದುಹೋಗುತ್ತದೆ, ಆದರೆ ವೈವಾಹಿಕ ಸ್ಥಾನಮಾನದ ಘೋಷಣೆಯನ್ನು ಕೋರಿದ ದಾವೆ ಪಕ್ಷಗಾರರ ಮರಣದ ನಂತರವೂ ವಾರಸುದಾರರ ಮೂಲಕ ಮುಂದುವರಿಯಬಲ್ಲದೆಂದು 2017ರ ತೀರ್ಪೊಂದರಲ್ಲಿ ಸುಪ್ರೀಂ ಕೋರ್ಟ್ ಸ್ಪಷ್ಟಪಡಿಸಿದೆ. ಹೆಂಡತಿಯೆಂದು ಹೇಳಿಕೊಳ್ಳುವ ಇನ್ನೊಬ್ಬರನ್ನು, ಮಕ್ಕಳನ್ನು, ಮೃತರ ತಾಯಿಯನ್ನು ಮತ್ತು ಹಣ ಬಿಡುಗಡೆ ಮಾಡಬೇಕಾದ ಕಚೇರಿಯನ್ನು ಪ್ರತಿವಾದಿಗಳನ್ನಾಗಿ ಮಾಡುವುದು ಅಗತ್ಯ. ಇವರಲ್ಲಿ ಯಾರನ್ನಾದರೂ ಬಿಟ್ಟರೆ ಡಿಕ್ರಿ, ಅಂದರೆ ನ್ಯಾಯಾಲಯದ ತೀರ್ಮಾನದ ಆದೇಶ, ಕೈಗೆ ಬಂದ ಮೇಲೂ ಆ ವ್ಯಕ್ತಿ ಹೊಸ ತಕರಾರು ಎತ್ತಲು ದಾರಿ ಉಳಿಯುತ್ತದೆ. ಘೋಷಣೆಯ ದಾವೆಗೆ ಕಾಲಮಿತಿ ಕಾಯ್ದೆಯಲ್ಲಿ ಸಾಮಾನ್ಯವಾಗಿ 3 ವರ್ಷದ ಗಡುವಿರುವುದರಿಂದ, ಹಕ್ಕನ್ನು ನಿರಾಕರಿಸಿದ ಹಿಂಬರಹ ಬಂದ ದಿನವನ್ನು ಗುರುತು ಹಾಕಿಟ್ಟುಕೊಳ್ಳಿ.

ನಾಮಿನಿ ಎಂದು ಹೆಸರಿದ್ದವರಿಗೆ ಎಲ್ಲ ಹಣವೂ ಸೇರುತ್ತದೆಯೇ?

ಈ ತಪ್ಪು ತಿಳಿವಳಿಕೆಯಿಂದ ಆಗಿರುವ ವ್ಯಾಜ್ಯಗಳು ಲೆಕ್ಕವಿಲ್ಲದಷ್ಟು. ನಾಮಿನಿ ಹಣವನ್ನು ಪಡೆದುಕೊಳ್ಳಲು ಅಧಿಕಾರವುಳ್ಳ ವ್ಯಕ್ತಿ. ಅದರ ಒಡೆಯರು ಯಾರೆಂಬುದನ್ನು ಉತ್ತರಾಧಿಕಾರದ ಕಾನೂನು ಹೇಳುತ್ತದೆ. ಮದುವೆಗೆ ಮೊದಲು ತಾಯಿಯ ಹೆಸರಿಗೆ ನಾಮನಿರ್ದೇಶನ ಮಾಡಿದ್ದ ಬ್ಯಾಂಕ್ ನೌಕರರೊಬ್ಬರ ಭವಿಷ್ಯ ನಿಧಿಯ ಬಗ್ಗೆ ತಾಯಿಗೂ ಪತ್ನಿಗೂ ವಿವಾದವಾದಾಗ, ನಾಮಿನಿಯಾಗಿರುವ ಮಾತ್ರಕ್ಕೆ ತಾಯಿ ಪೂರ್ಣ ಹಣದ ಒಡತಿಯಾಗುವುದಿಲ್ಲ, ಪತ್ನಿಗೂ ಪಾಲಿದೆ ಎಂದು ಸುಪ್ರೀಂ ಕೋರ್ಟ್ 2009ರಲ್ಲಿ ತೀರ್ಪಿತ್ತಿತು.

ಇದಕ್ಕೆ ಎರಡು ಸೇರ್ಪಡೆಗಳಿವೆ. ನೌಕರರ ಭವಿಷ್ಯ ನಿಧಿ ಯೋಜನೆಯಲ್ಲಿ ಕುಟುಂಬವಿರುವ ಸದಸ್ಯರು ಕುಟುಂಬದ ಹೊರಗಿನವರನ್ನು ನಾಮಿನಿ ಮಾಡುವಂತಿಲ್ಲ; ಕುಟುಂಬವಿಲ್ಲದಿದ್ದಾಗ ಮಾಡಿದ ನಾಮನಿರ್ದೇಶನ, ಮುಂದೆ ಕುಟುಂಬವಾದೊಡನೆ ಅಸಿಂಧುವಾಗುತ್ತದೆ. ಇನ್ನು ಜೀವವಿಮೆಯ ವಿಷಯದಲ್ಲಿ, 2015ರ ತಿದ್ದುಪಡಿಯ ನಂತರ ವಿಮಾ ಕಾಯ್ದೆಯ ಕಲಂ 39ರಡಿ ತಂದೆತಾಯಿ, ಪತಿ ಅಥವಾ ಪತ್ನಿ, ಮಕ್ಕಳನ್ನು ನಾಮಿನಿ ಮಾಡಿದ್ದರೆ ಅವರನ್ನೇ ಹಣದ ಹಕ್ಕುದಾರರೆಂದು ಪರಿಗಣಿಸಲಾಗುತ್ತದೆ. ಹೀಗಾಗಿ ಎಲ್ಲ ನಾಮನಿರ್ದೇಶನಗಳನ್ನೂ ಒಂದೇ ತಕ್ಕಡಿಯಲ್ಲಿ ತೂಗಲಾಗದು.

ಇಬ್ಬರು ಹೆಂಡತಿಯರಿದ್ದರೆ ಕುಟುಂಬ ಪಿಂಚಣಿ ಯಾರಿಗೆ?

ಮೃತರು ಹಿಂದೂ ವಿವಾಹ ಕಾಯ್ದೆಗೆ ಒಳಪಟ್ಟವರಾಗಿದ್ದು, ಮೊದಲ ಹೆಂಡತಿ ಬದುಕಿರುವಾಗ, ವಿಚ್ಛೇದನವಾಗದೆ ಎರಡನೆಯ ಮದುವೆ ಮಾಡಿಕೊಂಡಿದ್ದರೆ, ಆ ಎರಡನೆಯ ಮದುವೆ ಕಲಂ 5 ಮತ್ತು 11ರ ಪ್ರಕಾರ ಆರಂಭದಿಂದಲೇ ಅಸಿಂಧು. ಅದನ್ನು ಯಾರೂ ರದ್ದುಗೊಳಿಸಬೇಕಾಗಿಲ್ಲ. ಕಾನೂನಿನ ಕಣ್ಣಿಗೆ ಅದು ಮದುವೆಯೇ ಅಲ್ಲ. ಎರಡನೆಯ ಮಹಿಳೆ ಇಪ್ಪತ್ತು ವರ್ಷ ಸಂಸಾರ ಮಾಡಿದ್ದರೂ, ಕೊನೆಗಾಲದಲ್ಲಿ ಆರೈಕೆ ಮಾಡಿದವರು ಅವರೇ ಆಗಿದ್ದರೂ, ಸೇವಾ ನಿಯಮಗಳ ಅರ್ಥದಲ್ಲಿ ಅವರು ವಿಧವೆಯಾಗುವುದಿಲ್ಲ. 2000ದಲ್ಲಿ ಬಿಹಾರದ ಸರ್ಕಾರಿ ನೌಕರರೊಬ್ಬರ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್, 2023ರಲ್ಲಿ ಕರ್ನಾಟಕ ಹೈಕೋರ್ಟಿನ ವಿಭಾಗೀಯ ಪೀಠ ಇದೇ ನಿಲುವನ್ನು ತಾಳಿದವು. ಕುಟುಂಬ ಪಿಂಚಣಿ ನಿಯಮಗಳಲ್ಲಿ ಒಬ್ಬರಿಗಿಂತ ಹೆಚ್ಚು ವಿಧವೆಯರಿದ್ದರೆ ಸಮಪಾಲು ಎಂಬ ಮಾತು ಕಾಣುತ್ತದೆಯಲ್ಲ ಎಂದು ಹಲವರು ವಾದಿಸುತ್ತಾರೆ. ವೈಯಕ್ತಿಕ ಕಾನೂನು ಬಹುಪತ್ನಿತ್ವಕ್ಕೆ ಅವಕಾಶ ಕೊಡುವ ಮುಸ್ಲಿಂ ಕುಟುಂಬಗಳಂಥ ಸಂದರ್ಭದಲ್ಲಿ ಅದು ಅನ್ವಯಿಸುತ್ತದೆಯೇ ಹೊರತು, ಅಸಿಂಧು ಮದುವೆಗೆ ಅದು ಜೀವ ತುಂಬುವುದಿಲ್ಲ.

ಇದು ಕಠಿಣವಾದ ನಿಯಮ. ಮೊದಲ ಮದುವೆಯನ್ನು ಮುಚ್ಚಿಟ್ಟ ಗಂಡಸಿನ ತಪ್ಪಿಗೆ, ಆ ವಿಷಯವೇ ತಿಳಿಯದ ಮಹಿಳೆ ದಂಡ ತೆರುವ ಸಂದರ್ಭಗಳೂ ಇವೆ. ಆದರೂ ವಾದ ಮಂಡಿಸುವಾಗ ಮರುಕವನ್ನು ನಂಬಿ ಕೂರುವುದಕ್ಕಿಂತ, ಮೊದಲ ಮದುವೆ ನಿಜವಾಗಿ ನಡೆದಿತ್ತೇ, ಎರಡನೆಯದರ ಹೊತ್ತಿಗೆ ಅದು ಊರ್ಜಿತದಲ್ಲಿತ್ತೇ ಎಂಬುದನ್ನು ಪರಿಶೀಲಿಸುವುದು ಫಲಕಾರಿ. ಎಷ್ಟೋ ಮೊಕದ್ದಮೆಗಳು ತಿರುಗುವುದು ಈ ಎರಡು ಸಂಗತಿಗಳ ಮೇಲೆಯೇ. ಮೊದಲ ಹೆಂಡತಿ ಎರಡನೆಯ ಮದುವೆಗೆ ಮುಂಚೆಯೇ ತೀರಿಕೊಂಡಿದ್ದರೆ ಎರಡನೆಯ ಮದುವೆ ಸಿಂಧುವೇ ಆಗಿರುತ್ತದೆ.

ಎರಡನೆಯ ಹೆಂಡತಿಯ ಮಕ್ಕಳಿಗೂ ಏನೂ ಇಲ್ಲವೇ?

ಇದೆ. ಹಿಂದೂ ವಿವಾಹ ಕಾಯ್ದೆಯ ಕಲಂ 16ರ ಪ್ರಕಾರ ಅಸಿಂಧು ಮದುವೆಯ ಮಕ್ಕಳೂ ಔರಸರೇ. ಮೇಲೆ ಹೇಳಿದ 2000ದ ಪ್ರಕರಣದಲ್ಲಿ ಎರಡನೆಯ ಮಹಿಳೆಗೆ ಪಿಂಚಣಿ ನಿರಾಕರಿಸಿದ ಸುಪ್ರೀಂ ಕೋರ್ಟ್, ಆಕೆಯ ಮಕ್ಕಳಿಗೆ ಅವರು ಪ್ರಾಪ್ತ ವಯಸ್ಕರಾಗುವವರೆಗೆ ಕುಟುಂಬ ಪಿಂಚಣಿಯಲ್ಲಿ ಮತ್ತು ಗ್ರಾಚ್ಯುಟಿಯಲ್ಲಿ ಪಾಲನ್ನು ಎತ್ತಿಹಿಡಿಯಿತು.

2008ರ ಇನ್ನೊಂದು ತೀರ್ಪು ಹೆಚ್ಚು ಸ್ವಾರಸ್ಯಕರ. ಅಲ್ಲಿ ನಾಮಿನಿಯಾಗಿದ್ದವರು ಎರಡನೆಯ ಮಹಿಳೆ. ಅವರಿಗೆ ನಾಲ್ವರು ಮಕ್ಕಳು. ಮೊದಲ ಹೆಂಡತಿಗೆ ಮಕ್ಕಳಿರಲಿಲ್ಲ. ಉತ್ತರಾಧಿಕಾರ ಪ್ರಮಾಣ ಪತ್ರವನ್ನು ಕೋರ್ಟು ಎರಡನೆಯ ಮಹಿಳೆಗೇ ಕೊಟ್ಟಿತು, ಆದರೆ ಹಣವನ್ನು ಐದು ಪಾಲು ಮಾಡಿ, ನಾಲ್ಕು ಪಾಲು ಮಕ್ಕಳಿಗೆ, ಒಂದು ಪಾಲು ಮೊದಲ ಹೆಂಡತಿಗೆ ಸೇರತಕ್ಕದ್ದೆಂದು ವಿಧಿಸಿತು. ಹಣ ತೆಗೆದುಕೊಳ್ಳುವ ಅಧಿಕಾರ ಒಬ್ಬರದು, ಅನುಭವಿಸುವ ಹಕ್ಕು ಇತರರದು ಎಂಬ ವ್ಯತ್ಯಾಸ ಇಷ್ಟು ನಿಚ್ಚಳವಾಗಿ ಬೇರೆಲ್ಲೂ ಕಾಣಸಿಗುವುದು ಅಪರೂಪ. ಪಿತ್ರಾರ್ಜಿತ ಆಸ್ತಿಯಲ್ಲಿ ತಂದೆಯ ಪಾಲಿಗೆ ಬರುವ ಭಾಗದಲ್ಲೂ ಇಂಥ ಮಕ್ಕಳಿಗೆ ಹಕ್ಕಿದೆಯೆಂದು 2023ರಲ್ಲಿ, ಕರ್ನಾಟಕದಿಂದಲೇ ಹೋದ ಪ್ರಕರಣದಲ್ಲಿ, ಸುಪ್ರೀಂ ಕೋರ್ಟಿನ ಮೂವರು ನ್ಯಾಯಮೂರ್ತಿಗಳ ಪೀಠ ತೀರ್ಮಾನಿಸಿದೆ.

ವಿಚ್ಛೇದನದ ಮೊಕದ್ದಮೆ ನಡೆಯುತ್ತಿರುವಾಗಲೇ ಪತಿ ತೀರಿಕೊಂಡರೆ ಪತ್ನಿಯ ಹಕ್ಕು ಏನಾಗುತ್ತದೆ?

ಡಿಕ್ರಿ ಆಗುವ ಮೊದಲೇ ಪತಿ ತೀರಿಕೊಂಡರೆ ಮೊಕದ್ದಮೆ ಅಲ್ಲಿಗೇ ಕೊನೆಗೊಳ್ಳುತ್ತದೆ, ಪತ್ನಿ ವಿಧವೆಯಾಗಿಯೇ ಉಳಿಯುತ್ತಾರೆ, ಪಿಂಚಣಿಗೂ ಪಾಲಿಗೂ ಅರ್ಹರು. ಹಲವು ವರ್ಷಗಳಿಂದ ತವರಿನಲ್ಲಿ ಪ್ರತ್ಯೇಕವಾಗಿ ವಾಸಿಸುತ್ತಿದ್ದರು ಎಂಬುದೊಂದೇ ಕಾರಣಕ್ಕೆ ಹಕ್ಕು ಹೋಗುವುದಿಲ್ಲ. ಕೇಂದ್ರ ನಿಯಮಗಳಲ್ಲಿ ನ್ಯಾಯಿಕ ಪ್ರತ್ಯೇಕತೆಯ (ಮದುವೆ ಮುರಿಯದೆ ಬೇರೆಯಾಗಿ ವಾಸಿಸುವ) ಡಿಕ್ರಿ ಆಗಿದ್ದರೂ, ಅದು ವ್ಯಭಿಚಾರದ ಆಧಾರದ ಮೇಲೆ ಆಗಿರದಿದ್ದರೆ, ಸಂಗಾತಿಯ ಅರ್ಹತೆ ಉಳಿಯುತ್ತದೆ.

ಏಕಪಕ್ಷೀಯ ಡಿಕ್ರಿಯ ಸಂದರ್ಭ ಬೇರೆ. ಪತ್ನಿಗೆ ಸರಿಯಾಗಿ ಸಮನ್ಸ್ ಜಾರಿಯಾಗದೆ ವಿಚ್ಛೇದನ ಪಡೆದ ಪತಿ ಆನಂತರ ತೀರಿಕೊಂಡಿದ್ದರೂ, ಆ ಡಿಕ್ರಿಯನ್ನು ರದ್ದುಪಡಿಸುವಂತೆ ಆತನ ವಾರಸುದಾರರ ವಿರುದ್ಧ ಪತ್ನಿ ಅರ್ಜಿ ಹಾಕಬಹುದೆಂದು 1996ರಲ್ಲಿ ಸುಪ್ರೀಂ ಕೋರ್ಟ್ ಒಪ್ಪಿದೆ. ತಡಮಾಡಿದರೆ ವಿಳಂಬಕ್ಕೆ ಪ್ರತಿಯೊಂದು ದಿನದ ವಿವರಣೆ ಕೊಡಬೇಕಾದೀತು.

ಪಂಚರ ಸಮಕ್ಷಮ ಬರೆಸಿಕೊಂಡ ಬಿಡುಗಡೆ ಪತ್ರ ನಡೆಯುತ್ತದೆಯೇ?

ಛಾಪಾ ಕಾಗದದ ಮೇಲೆ ಬರೆಸಿಕೊಂಡ ಬಿಡುಗಡೆ ಪತ್ರವಾಗಲಿ, ಉತ್ತರ ಕರ್ನಾಟಕದ ಕಡೆ ಹೇಳುವ ಸೋಡಚೀಟಿಯಾಗಲಿ, ತಾನಾಗಿಯೇ ಮದುವೆಯನ್ನು ಮುರಿಯುವುದಿಲ್ಲ. ಹಿಂದೂ ವಿವಾಹ ಕಾಯ್ದೆಯ ಕಲಂ 29 ರೂಢಿಗತ ವಿಚ್ಛೇದನವನ್ನು ಉಳಿಸಿದೆ ನಿಜ. ಆದರೆ ನಿರ್ದಿಷ್ಟ ಸಮುದಾಯದಲ್ಲಿ ಅಂಥ ರೂಢಿ ಬಹುಕಾಲದಿಂದ ಬಿಡದೆ ನಡೆದುಬಂದಿದೆ ಎಂದು ದಾವೆಯಲ್ಲಿ ವಿವರವಾಗಿ ಹೇಳಿ, ಸಾಕ್ಷಿಗಳ ಮೂಲಕ ರುಜುವಾತುಪಡಿಸಬೇಕು. ಊರಿನ ಹಿರಿಯರಿಬ್ಬರು ಬಂದು "ನಮ್ಮಲ್ಲಿ ಹೀಗೇ" ಎಂದರೆ ಸಾಲದು. ಎರಡನೆಯ ಹೆಂಡತಿಯ ಹಕ್ಕು ಪೂರ್ತಿ ಇಂಥ ಕಾಗದದ ಮೇಲೆ ನಿಂತಿದ್ದರೆ, ಆ ಅಡಿಪಾಯ ದುರ್ಬಲವೆಂದೇ ತಿಳಿಯಬೇಕು.

ಮದುವೆಯನ್ನು ಸಾಬೀತುಪಡಿಸಲು ಏನೇನು ಬೇಕು?

ಮದುವೆ ನೋಂದಣಿಯ ಪ್ರಮಾಣ ಪತ್ರವಿದ್ದರೆ ಅನುಕೂಲ, ಆದರೆ ಹಿಂದೂ ಮದುವೆಗೆ ಶಾಸ್ತ್ರೋಕ್ತ ಅಥವಾ ರೂಢಿಗತ ವಿಧಿ ನಡೆದಿರಲೇಬೇಕು, ನೋಂದಣಿ ಮಾತ್ರದಿಂದ ಮದುವೆ ಆಗುವುದಿಲ್ಲವೆಂದು 2024ರಲ್ಲಿ ಸುಪ್ರೀಂ ಕೋರ್ಟ್ ನೆನಪಿಸಿದೆ. ಹಳೆಯ ಮದುವೆಗಳಿಗೆ ನೋಂದಣಿ ಇರುವುದೇ ಕಡಿಮೆ. ಅಂಥಲ್ಲಿ ಲಗ್ನಪತ್ರಿಕೆ, ಫೋಟೊ, ಮದುವೆಯಲ್ಲಿ ಹಾಜರಿದ್ದವರ ಸಾಕ್ಷ್ಯ, ಪಡಿತರ ಚೀಟಿ, ಮತದಾರರ ಪಟ್ಟಿ, ಮಕ್ಕಳ ಶಾಲಾ ದಾಖಲೆ ಇವೆಲ್ಲ ಸೇರಿ ಚಿತ್ರವನ್ನು ಪೂರ್ಣಗೊಳಿಸುತ್ತವೆ. ಬಹುಕಾಲ ಗಂಡಹೆಂಡಿರಂತೆ ಒಟ್ಟಿಗೆ ಬಾಳಿದವರು ವಿವಾಹಿತರೆಂಬ ಪೂರ್ವಭಾವನೆ, ಅಂದರೆ ಸುಳ್ಳೆಂದು ಸಾಬೀತಾಗುವವರೆಗೆ ನಿಜವೆಂದು ಹಿಡಿಯುವ ಕಾನೂನಿನ ಎಣಿಕೆಯೂ, ಇದೆ. ಮೊದಲ ಮದುವೆ ಊರ್ಜಿತದಲ್ಲಿದ್ದದ್ದು ಸಾಬೀತಾದರೆ ಮಾತ್ರ ಅದು ನೆರವಿಗೆ ಬಾರದು.

ಎಲ್ಲಕ್ಕಿಂತ ತೂಕದ ದಾಖಲೆ ಮೃತರ ಸೇವಾ ಪುಸ್ತಕ. ಅದರಲ್ಲಿ ಅವರು ತಮ್ಮ ಕೈಯಾರೆ ಕೊಟ್ಟ ಕುಟುಂಬದ ವಿವರ, ನಾಮನಿರ್ದೇಶನ ನಮೂನೆಗಳು, ಯಾವ ವರ್ಷ ಯಾರ ಹೆಸರು ಬದಲಾಯಿತು ಎಂಬುದು ದೊರೆಯುತ್ತದೆ. ಇವುಗಳ ದೃಢೀಕೃತ ನಕಲನ್ನು ಇಲಾಖೆ ಕೊಡದಿದ್ದರೆ, ದಾಖಲೆ ಹಾಜರುಪಡಿಸುವಂತೆ ನ್ಯಾಯಾಲಯದಿಂದ ಸಮನ್ಸ್ ಕಳಿಸಲು ಕೋರಬಹುದು. ತಹಶೀಲ್ದಾರರು ಕೊಡುವ ವಂಶವೃಕ್ಷವಾಗಲಿ, ಜೀವಂತ ಸದಸ್ಯರ ಪ್ರಮಾಣ ಪತ್ರವಾಗಲಿ ಪೂರಕ ದಾಖಲೆಗಳಷ್ಟೇ. ಮದುವೆ ಸಿಂಧುವೇ ಅಲ್ಲವೇ ಎಂದು ತೀರ್ಮಾನಿಸುವ ಅಧಿಕಾರ ನಾಡಕಚೇರಿಗಿಲ್ಲ.

ಮಕ್ಕಳ ಪಿತೃತ್ವವನ್ನು ಪ್ರಶ್ನಿಸಿ ಡಿಎನ್‌ಎ ಪರೀಕ್ಷೆ ಕೇಳಬಹುದೇ?

ಕೇಳಬಹುದು, ಆದರೆ ಸುಲಭವಾಗಿ ಸಿಗುವುದಿಲ್ಲ. ಸಿಂಧುವಾದ ಮದುವೆ ಇರುವಾಗ ಹುಟ್ಟಿದ ಮಗು ಆ ಪತಿಯದೇ ಎಂಬ ಪೂರ್ವಭಾವನೆ 2023ರ ಭಾರತೀಯ ಸಾಕ್ಷ್ಯ ಅಧಿನಿಯಮದ ಕಲಂ 116ರಲ್ಲಿ ಮುಂದುವರಿದಿದೆ. ಹಣದ ವ್ಯಾಜ್ಯದಲ್ಲಿ ಗೆಲ್ಲುವುದಕ್ಕಾಗಿ ಮಗುವಿನ ಜನ್ಮವನ್ನೇ ಬೀದಿಗೆಳೆಯುವ ಅರ್ಜಿಗಳನ್ನು ನ್ಯಾಯಾಲಯಗಳು ಸಂಶಯದಿಂದ ನೋಡುತ್ತವೆ, ಹಾಗೆ ನೋಡುವುದೇ ಸರಿ.

ಉತ್ತರಾಧಿಕಾರ ಪ್ರಮಾಣ ಪತ್ರ ಯಾವಾಗ ಬೇಕು?

1925ರ ಭಾರತೀಯ ಉತ್ತರಾಧಿಕಾರ ಕಾಯ್ದೆಯ ಕಲಂ 372ರಡಿ, ಮೃತರು ಕೊನೆಗಾಲದಲ್ಲಿ ಸಾಮಾನ್ಯವಾಗಿ ವಾಸವಿದ್ದ ಸ್ಥಳದ ಮೇಲೆ ಅಧಿಕಾರವ್ಯಾಪ್ತಿಯಿರುವ ನ್ಯಾಯಾಲಯದಲ್ಲಿ ಇದಕ್ಕೆ ಅರ್ಜಿ ಹಾಕಬೇಕು. ಇದು ಮೃತರಿಗೆ ಬರಬೇಕಿದ್ದ ಸಾಲ ಮತ್ತು ಭದ್ರತಾ ಪತ್ರಗಳಿಗೆ ಸಂಬಂಧಿಸಿದ್ದು. ಭವಿಷ್ಯ ನಿಧಿ, ಬಾಕಿ ಸಂಬಳ, ಬ್ಯಾಂಕ್ ಠೇವಣಿ ಇದರ ವ್ಯಾಪ್ತಿಗೆ ಬರುತ್ತವೆ. ಕುಟುಂಬ ಪಿಂಚಣಿ ಮೃತರ ಆಸ್ತಿಯಲ್ಲವಾದ್ದರಿಂದ ಅದಕ್ಕೆ ಈ ಪ್ರಮಾಣ ಪತ್ರ ತರುವಂತೆ ಕಚೇರಿ ಒತ್ತಾಯಿಸುವುದು ತಾರ್ಕಿಕವಲ್ಲ, ಹಾಗೆ ಒತ್ತಾಯಿಸುವ ಕಚೇರಿಗಳೇನೋ ಇವೆ. ಪ್ರಮಾಣ ಪತ್ರದ ಆದೇಶ ಸಂಕ್ಷಿಪ್ತ ವಿಚಾರಣೆಯದು. ಅದು ಹಣ ಕೊಟ್ಟ ಕಚೇರಿಗೆ ರಕ್ಷಣೆ ನೀಡುತ್ತದೆ, ಆದರೆ ಕಲಂ 387ರ ಪ್ರಕಾರ ಅದೇ ಹಕ್ಕಿನ ಪ್ರಶ್ನೆಯನ್ನು ಮುಂದೆ ಬೇರೆ ದಾವೆಯಲ್ಲಿ ಎತ್ತಲು ಅಡ್ಡಿಯಾಗುವುದಿಲ್ಲ.

ಇಲಾಖೆ ಎಲ್ಲ ಹಣವನ್ನೂ ತಡೆಹಿಡಿದಿದೆ. ತೀರ್ಪಿನವರೆಗೆ ಕಾಯಲೇಬೇಕೇ?

ಬೇಕಿಲ್ಲ. ಯಾರೋ ಒಬ್ಬರು ತಕರಾರು ಅರ್ಜಿ ಕೊಟ್ಟೊಡನೆ ಪೂರ್ತಿ ಕಡತವನ್ನು ನಿಲ್ಲಿಸುವ ಅಭ್ಯಾಸಕ್ಕೆ ನಿಯಮಗಳ ಬೆಂಬಲಕ್ಕಿಂತ ಅಧಿಕಾರಿಗಳ ಅಂಜಿಕೆಯೇ ಹೆಚ್ಚಿನ ಕಾರಣ. ವಿವಾದವಿಲ್ಲದ ಭಾಗವನ್ನು, ಉದಾಹರಣೆಗೆ ಎಲ್ಲರೂ ಒಪ್ಪುವ ಅಪ್ರಾಪ್ತ ಮಕ್ಕಳ ಪಾಲನ್ನು, ಬಿಡುಗಡೆ ಮಾಡುವಂತೆ ಲಿಖಿತವಾಗಿ ಕೋರಿ. ಉತ್ತರ ಬಾರದಿದ್ದರೆ ಹೈಕೋರ್ಟಿನಲ್ಲಿ ರಿಟ್ ಅರ್ಜಿಗೆ ಅವಕಾಶವಿದೆ. ವಿವಾದಿತ ಮೊತ್ತವನ್ನು ನ್ಯಾಯಾಲಯದಲ್ಲಿ ಠೇವಣಿ ಇಡಿಸಿ ಬಡ್ಡಿ ಬರುವಂತೆ ಮಾಡಿಸಬಹುದು. ತನಗೆ ಹಣದಲ್ಲಿ ಯಾವ ಹಿತಾಸಕ್ತಿಯೂ ಇಲ್ಲ, ಯಾರಿಗೆ ಕೊಡಬೇಕೆಂದು ನ್ಯಾಯಾಲಯವೇ ಹೇಳಲಿ ಎಂದು ಕಚೇರಿಯೇ ಸಿವಿಲ್ ಪ್ರಕ್ರಿಯಾ ಸಂಹಿತೆಯ ಕಲಂ 88ರಡಿ ದಾವೆ ಹೂಡುವ ಮಾರ್ಗವೂ ಇದೆ.

ಮೃತರ ತಾಯಿಗೆ ಏನು ಸಿಗುತ್ತದೆ?

ಹಿಂದೂ ಉತ್ತರಾಧಿಕಾರ ಕಾಯ್ದೆಯ ಪ್ರಕಾರ ತಾಯಿ ಮೊದಲ ವರ್ಗದ ವಾರಸುದಾರರು, ಹೆಂಡತಿ ಮತ್ತು ಮಕ್ಕಳ ಸಮಕ್ಕೆ ಒಂದು ಪಾಲಿಗೆ ಅರ್ಹರು. ತಂದೆ ಎರಡನೆಯ ವರ್ಗದವರು. ಆದರೆ ಕುಟುಂಬ ಪಿಂಚಣಿಯಲ್ಲಿ ಅರ್ಹ ಪತ್ನಿ ಅಥವಾ ಮಕ್ಕಳಿರುವವರೆಗೆ ಅವಲಂಬಿತ ತಂದೆತಾಯಿಗೆ ಸರದಿ ಬರುವುದಿಲ್ಲ.

ಮಹಿಳಾ ನೌಕರರು ತೀರಿಕೊಂಡರೆ?

ಕುಟುಂಬ ಪಿಂಚಣಿ ಪತಿಗೆ, ನಂತರ ಮಕ್ಕಳಿಗೆ. ಪತಿಯ ವಿರುದ್ಧ ವಿಚ್ಛೇದನ, ಕೌಟುಂಬಿಕ ಹಿಂಸೆ ಅಥವಾ ವರದಕ್ಷಿಣೆ ಕಿರುಕುಳದ ಪ್ರಕರಣ ಬಾಕಿಯಿದ್ದರೆ, ಪತಿಗಿಂತ ಮೊದಲು ಮಕ್ಕಳಿಗೆ ಪಿಂಚಣಿ ಕೊಡಬೇಕೆಂದು ಲಿಖಿತವಾಗಿ ಕೋರಲು ಕೇಂದ್ರ ಸರ್ಕಾರಿ ಮಹಿಳಾ ನೌಕರರಿಗೆ 2024ರ ಜನವರಿಯಿಂದ ಅವಕಾಶವಿದೆ.

ಇತರ ಹಣದ ವಿಷಯದಲ್ಲಿ ಹಿಂದೂ ಉತ್ತರಾಧಿಕಾರ ಕಾಯ್ದೆಯ ಕಲಂ 15 ಮಹಿಳೆಗೆ ಬೇರೆಯೇ ಕ್ರಮವನ್ನು ಹೇಳುತ್ತದೆ: ಮೊದಲು ಪತಿ ಮತ್ತು ಮಕ್ಕಳು, ಅವರಿಲ್ಲದಿದ್ದರೆ ಪತಿಯ ವಾರಸುದಾರರು, ಆಮೇಲೆ ಹೆತ್ತವರು. ಮದುವೆಯಾದ ಕೆಲವೇ ತಿಂಗಳಲ್ಲಿ ವಿಧವೆಯಾಗಿ, ಗಂಡನ ಮನೆಯಿಂದ ಹೊರದೂಡಲ್ಪಟ್ಟು, ತವರಿನವರ ಆಸರೆಯಲ್ಲಿ ಓದಿ ನೌಕರಿ ಸೇರಿದ ಮಹಿಳೆಯೊಬ್ಬರು ತೀರಿಕೊಂಡಾಗ, ಅವರ ಭವಿಷ್ಯ ನಿಧಿ ಮತ್ತು ಬ್ಯಾಂಕಿನ ಹಣ ಗಂಡನ ಕಡೆಯವರಿಗೇ ಸೇರಬೇಕೆಂದು 2009ರಲ್ಲಿ ಸುಪ್ರೀಂ ಕೋರ್ಟ್ ತೀರ್ಪು ಕೊಡಬೇಕಾಯಿತು. ಕಾಯ್ದೆಯ ಪದಗಳು ಹಾಗಿದ್ದವು. ದುಡಿಯುವ ಮಹಿಳೆಯರು ಉಯಿಲು ಬರೆದಿಡಬೇಕೆಂಬುದಕ್ಕೆ ಇದಕ್ಕಿಂತ ಬಲವಾದ ಕಾರಣ ಬೇಕಿಲ್ಲ. ಕುಟುಂಬ ಪಿಂಚಣಿಯನ್ನು ಉಯಿಲಿನಲ್ಲಿ ಕೊಡಲಾಗದಿದ್ದರೂ ತಾವು ಕೂಡಿಟ್ಟ ಹಣವನ್ನು ಕೊಡಬಹುದು.

ಅನುಕಂಪದ ನೌಕರಿಯೂ ಪಾಲಿನ ಲೆಕ್ಕಕ್ಕೆ ಬರುತ್ತದೆಯೇ?

ಬರುವುದಿಲ್ಲ. ಅದು ವಾರಸುದಾರಿಕೆಯ ಹಕ್ಕಲ್ಲ, ಸಂಕಷ್ಟಕ್ಕೊಳಗಾದ ಕುಟುಂಬಕ್ಕೆ ತಕ್ಷಣದ ಆಸರೆ. ಕರ್ನಾಟಕದ 1996ರ ನಿಯಮಗಳ ಪ್ರಕಾರ ನೌಕರರು ತೀರಿಕೊಂಡ 1 ವರ್ಷದೊಳಗೆ ಅರ್ಜಿ ಹಾಕಬೇಕಾದ್ದರಿಂದ, ನ್ಯಾಯಾಲಯದ ತೀರ್ಪಿಗೆ ಕಾಯುತ್ತಾ ಈ ಗಡುವನ್ನು ಕಳೆದುಕೊಳ್ಳಬಾರದು. ವ್ಯಾಜ್ಯ ಬಾಕಿಯಿದ್ದರೂ ಅರ್ಜಿಯನ್ನು ಮಾತ್ರ ಸಕಾಲದಲ್ಲಿ ಸಲ್ಲಿಸಿ ಸ್ವೀಕೃತಿ ಪಡೆದಿರಬೇಕು. ಎರಡನೆಯ ಹೆಂಡತಿಯ ಮಕ್ಕಳೆಂಬ ಕಾರಣಕ್ಕೆ ಅನುಕಂಪದ ನೌಕರಿ ನಿರಾಕರಿಸುವಂತಿಲ್ಲವೆಂದು 2018ರಲ್ಲಿ ಸುಪ್ರೀಂ ಕೋರ್ಟ್, ಮದುವೆಯಾದ ಮಗಳೆಂಬ ಕಾರಣಕ್ಕೆ ಹೊರಗಿಡುವಂತಿಲ್ಲವೆಂದು 2020ರಲ್ಲಿ ಕರ್ನಾಟಕ ಹೈಕೋರ್ಟ್ ತೀರ್ಪಿತ್ತಿವೆ.

ಮೃತರಿಗೆ ಸಾಲ ಕೊಟ್ಟವರು ಪಿಂಚಣಿಯನ್ನು ಜಪ್ತಿ ಮಾಡಿಸಬಹುದೇ?

ಇಲ್ಲ. ಸರ್ಕಾರಿ ಪಿಂಚಣಿಗೆ 1871ರ ಪಿಂಚಣಿ ಕಾಯ್ದೆ ಮತ್ತು ಸಿವಿಲ್ ಪ್ರಕ್ರಿಯಾ ಸಂಹಿತೆಯ ಕಲಂ 60ರ ರಕ್ಷಣೆಯಿದೆ. ಭವಿಷ್ಯ ನಿಧಿಗೂ ಜಪ್ತಿಯಿಂದ ರಕ್ಷಣೆಯಿದೆ.

ಕುಟುಂಬ ನ್ಯಾಯಾಲಯದಲ್ಲಿ ವಕೀಲರಿಲ್ಲದೆ ವಾದಿಸಬಹುದೇ? ಮೇಲ್ಮನವಿ ಎಲ್ಲಿ?

ಕುಟುಂಬ ನ್ಯಾಯಾಲಯಗಳ ಕಾಯ್ದೆಯ ಕಲಂ 13ರಂತೆ ವಕೀಲರನ್ನು ಇಟ್ಟುಕೊಳ್ಳುವುದು ಅಲ್ಲಿ ಹಕ್ಕಲ್ಲ, ನ್ಯಾಯಾಲಯದ ಅನುಮತಿಯಿಂದ ಸಾಧ್ಯ, ಮತ್ತು ಆ ಅನುಮತಿ ಸಾಮಾನ್ಯವಾಗಿ ದೊರೆಯುತ್ತದೆ. ಸ್ಥಾನಮಾನದ ವಿವಾದದಲ್ಲಿ ಪಾಟೀಸವಾಲು ನಿರ್ಣಾಯಕವಾದ್ದರಿಂದ ವಕೀಲರ ನೆರವು ಪಡೆಯುವುದು ಒಳ್ಳೆಯದು. ಮಹಿಳೆಯರಿಗೆ ಆದಾಯದ ಮಿತಿಯಿಲ್ಲದೆ ಜಿಲ್ಲಾ ಕಾನೂನು ಸೇವೆಗಳ ಪ್ರಾಧಿಕಾರದಿಂದ ಉಚಿತ ನೆರವು ಸಿಗುತ್ತದೆ. ತೀರ್ಪಿನ ವಿರುದ್ಧ 30 ದಿನಗಳೊಳಗೆ ಹೈಕೋರ್ಟಿಗೆ ಮೇಲ್ಮನವಿ ಸಲ್ಲಿಸಬೇಕು.

ರಾಜಿ ಮಾಡಿಕೊಂಡರೆ ಇಲಾಖೆ ಒಪ್ಪುತ್ತದೆಯೇ?

ರಾಜಿಗೆ ಪ್ರಯತ್ನಿಸುವುದು ಅದೇ ಕಾಯ್ದೆಯ ಕಲಂ 9ರ ಪ್ರಕಾರ ಕುಟುಂಬ ನ್ಯಾಯಾಲಯದ ಕರ್ತವ್ಯವೇ ಆಗಿದೆ, ಮತ್ತು ಇಂಥ ಹಲವು ವಿವಾದಗಳಿಗೆ ರಾಜಿಯೇ ಸೂಕ್ತ ದಾರಿ. ಆದರೆ ಅದಕ್ಕೆ ಎರಡು ಎಲ್ಲೆಗಳಿವೆ. ಅಸಿಂಧು ಮದುವೆಯನ್ನು ಪಕ್ಷಗಾರರ ಒಪ್ಪಿಗೆ ಸಿಂಧುವಾಗಿಸಲಾರದು. ಇನ್ನೂ ಬಾರದ ಪಿಂಚಣಿಯನ್ನು ಮುಂಗಡವಾಗಿ ಬೇರೆಯವರ ಹೆಸರಿಗೆ ಬರೆದುಕೊಡುವ ಒಪ್ಪಂದ 1871ರ ಕಾಯ್ದೆಯ ಕಲಂ 12ರಂತೆ ಶೂನ್ಯ. ಆದ್ದರಿಂದ ಅನುಭವಿ ಮಧ್ಯಸ್ಥಗಾರರು ಪಿಂಚಣಿಯನ್ನು ಅರ್ಹ ಪತ್ನಿಗೇ ಬಿಟ್ಟು, ಭವಿಷ್ಯ ನಿಧಿ ಮತ್ತು ಬಾಕಿ ಸಂಬಳದಂಥ ಒಟ್ಟು ಮೊತ್ತಗಳಲ್ಲಿ ಇನ್ನೊಂದು ಕಡೆಯ ಮಕ್ಕಳಿಗೆ ತುಸು ಹೆಚ್ಚಿನ ಪಾಲು ಬರುವಂತೆ ಹೊಂದಿಸುತ್ತಾರೆ. ರಾಜಿಪತ್ರದಲ್ಲಿ ಪ್ರತಿಯೊಂದು ಹಣದ ಹೆಸರು, ಖಾತೆ ಅಥವಾ ಪಾಲಿಸಿಯ ಸಂಖ್ಯೆ, ಯಾರಿಗೆ ಎಷ್ಟು ಪಾಲು ಎಂಬುದನ್ನು ಪ್ರತ್ಯೇಕ ಸಾಲುಗಳಲ್ಲಿ ಬರೆಸಬೇಕು. ಅಪ್ರಾಪ್ತರ ಪಾಲಿಗೆ ಸಂಬಂಧಿಸಿದ ಷರತ್ತಿಗೆ ನ್ಯಾಯಾಲಯದ ಪ್ರತ್ಯೇಕ ಅನುಮತಿ ಪಡೆದು, ಆ ಹಣವನ್ನು ಅವರು ಪ್ರಾಪ್ತ ವಯಸ್ಕರಾಗುವವರೆಗೆ ರಾಷ್ಟ್ರೀಕೃತ ಬ್ಯಾಂಕಿನಲ್ಲಿ ನಿಶ್ಚಿತ ಠೇವಣಿಯಾಗಿ ಇರಿಸುವಂತೆ ಕೋರಬೇಕು. ಡಿಕ್ರಿಯ ದೃಢೀಕೃತ ಪ್ರತಿಯನ್ನು ವೇತನ ಬಟವಾಡೆ ಅಧಿಕಾರಿಗೂ, ಪಿಂಚಣಿ ಮಂಜೂರಾಗುವ ಮಹಾಲೇಖಪಾಲರ ಕಚೇರಿಗೂ ಬೇರೆ ಬೇರೆಯಾಗಿ ಸಲ್ಲಿಸಿ ಸ್ವೀಕೃತಿ ಪಡೆಯಿರಿ. ಒಂದು ಕಚೇರಿಗೆ ಕೊಟ್ಟ ಪ್ರತಿ ಇನ್ನೊಂದಕ್ಕೆ ತಾನಾಗಿ ತಲುಪುತ್ತದೆಂದು ಭಾವಿಸಬೇಡಿ.